ಪಡಸಾಲಿಯಲ್ಲಿ ಕ್ಯಾಮೆರಾ: ಸಣ್ಣ ಸಾಕ್ಷ್ಯಚಿತ್ರಗಳು ಕಲಿಸಿದ ಪಾಠಗಳು

ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ: ವಿಜಯಪುರ ಜಿಲ್ಲೆಯ ಈ ನಾಲ್ಕು ತಾಲೂಕುಗಳ ಸೀಮೆಯಲ್ಲಿ ನಾನು ಸಾಕ್ಷ್ಯಚಿತ್ರ ಮಾಡುತ್ತ ಬಂದವನು. (ಇವುಗಳ ಒಡಲಿನಿಂದಲೇ ಈಗ ಚಡಚಣ, ಆಲಮೇಲ, ದೇವರ ಹಿಪ್ಪರಗಿ, ತಾಳಿಕೋಟೆ, ನಿಡಗುಂದಿ, ಕೊಲ್ಹಾರ ತಾಲೂಕುಗಳು ಬಂದಿವೆ. ಹಿರಿಯರು ಮಾತ್ರ ಇನ್ನೂ ಹಳೆಯ ತಾಲೂಕಿನ ಹೆಸರನ್ನೇ ಹೇಳುತ್ತಾರೆ.) ನನ್ನ ಹಿಂದೆ ಚಾನೆಲ್ ಇಲ್ಲ, ದೊಡ್ಡ ನಿರ್ಮಾಪಕರಿಲ್ಲ. ಒಂದು ಮನೆ, ಇಬ್ಬರು ಮೂವರು ಮನುಷ್ಯರು, ಒಂದು ಹಂಗಾಮು, ಇಷ್ಟರೊಳಗೆ ನನ್ನ ಚಿತ್ರಗಳು ಮುಗಿಯುತ್ತವೆ. ಅವುಗಳಲ್ಲಿ ನಿರೂಪಕನ ದನಿ ಇರುವುದಿಲ್ಲ, ತಜ್ಞರ ಸಂದರ್ಶನ ಇರುವುದಿಲ್ಲ. ಎಷ್ಟೋ ಕಡೆ ಕಣ್ಣಿಗೆ ಒಂದು ಕಾಣುತ್ತಿದ್ದರೆ ಕಿವಿಗೆ ಬೇರೊಂದು ಕೇಳುತ್ತಿರುತ್ತದೆ.

ಇದನ್ನು ಪ್ರಯೋಗ ಅನ್ನುತ್ತಾರೆ. ಪ್ರಯೋಗವನ್ನು ಹೊರದೇಶದ ಚಿತ್ರೋತ್ಸವಗಳಿಂದ ಕಲಿತು ತರಬೇಕು ಎಂಬ ನಂಬಿಕೆ ನಮ್ಮ ಸಿನಿಮಾ ವಿದ್ಯಾರ್ಥಿಗಳಲ್ಲಿ ಗಟ್ಟಿಯಾಗಿ ಕೂತಿದೆ. ಹತ್ತಿರ ಕೂತು ಕೇಳುವುದನ್ನೂ ಕೇಳಿದ್ದನ್ನು ಹೊಸ ಕಟ್ಟಿನಲ್ಲಿ ಕೂಡಿಸುವುದನ್ನೂ ನಾನು ಕಲಿತದ್ದು ಈ ಸೀಮೆಯ ಹಾಡು, ಮೇಳ, ಮನೆಗಳಿಂದ. ಈ ಕೆಲಸಕ್ಕೆ ಇಳಿಯಬೇಕೆಂದಿರುವ ಹುಡುಗ ಹುಡುಗಿಯರಿಗೆ ಉಪಯೋಗವಾದೀತೆಂದು ಬರೆಯುತ್ತಿದ್ದೇನೆ.

1. ಮೊದಲ ಗುರುಗಳು ಹಲಸಂಗಿಯವರು

ಆಗಿನ ಇಂಡಿ ತಾಲೂಕಿನ ಹಲಸಂಗಿಯಲ್ಲಿ ಮಧುರಚೆನ್ನ, ಸಿಂಪಿ ಲಿಂಗಣ್ಣ, ಕಾಪಸೆ ರೇವಪ್ಪ, ಧೂಲಾಸಾಹೇಬ ಮೊದಲಾದ ಗೆಳೆಯರು ಬೀಸುಕಲ್ಲಿನ ಮುಂದೆ ಹುಟ್ಟಿದ ಹೆಣ್ಣುಮಕ್ಕಳ ಹಾಡುಗಳನ್ನು ಕೂಡಿಸಿದರು. 1931ರಲ್ಲಿ ‘ಗರತಿಯ ಹಾಡು’ ಅಚ್ಚಾಯಿತು. ಮುಂದೆ ‘ಮಲ್ಲಿಗೆ ದಂಡೆ’, ‘ಜೀವನ ಸಂಗೀತ’ ಬಂದವು. ಸಾಹಿತ್ಯದ ವಿದ್ಯಾರ್ಥಿಗಳು ಇವನ್ನು ಜಾನಪದ ಸಂಗ್ರಹವೆಂದು ಓದುತ್ತಾರೆ. ಸಾಕ್ಷ್ಯಚಿತ್ರ ಮಾಡುವವರು ಕೆಲಸದ ಕ್ರಮವೆಂದು ಓದಬೇಕು. ತವರು, ಅತ್ತೆಮನೆ, ಮಗು, ಅಣ್ಣ, ಹಸಿವು, ಸಾವು: ಮನೆಯ ಒಳಗಿನ ಬದುಕು ಒಳಗಿನವರ ಬಾಯಿಂದಲೇ ಹೊರಗೆ ಬಂದದ್ದು ಅಲ್ಲಿ.

ಹಾಡು ಬೀಸುವ ಕೈಯ ಜೊತೆ ಬರುತ್ತದೆ. ಕೈ ನಿಂತರೆ ಲಯ ಹೋಗುತ್ತದೆ, ಲಯ ಹೋದರೆ ಮುಂದಿನ ನುಡಿ ನೆನಪಾಗುವುದಿಲ್ಲ. ಬರೆದುಕೊಳ್ಳುವವನು ಕೆಲಸ ಕೆಡಿಸದೆ ಕೂತು, ಅದೇ ನುಡಿ ಇನ್ನೊಮ್ಮೆ ಬರುವವರೆಗೆ ಕಾಯಬೇಕು. ಇಂದಿಗೂ ಹಾಗೆಯೇ. “ಒಂದು ಹಾಡು ಹೇಳ್ರಿ ಆಯಿ” ಎಂದು ಕ್ಯಾಮೆರಾ ಹಿಡಿದು ಕೇಳಿದರೆ, “ಹಂಗ ಬಾ ಅಂದ್ರ ಬರಂಗಿಲ್ಲಪಾ, ಕೈಯಾಗ ಕೆಲಸ ಇರಬೇಕು” ಎಂಬ ಉತ್ತರ ಬರುತ್ತದೆ. ಹಾಡಿಗೆ ಮಾತ್ರವಲ್ಲ, ಮಾತಿಗೂ ಇದು ಸತ್ಯ. ಹೀಗಾಗಿ ಯಾರನ್ನೂ ಖುರ್ಚಿಯಲ್ಲಿ ಕೂರಿಸಿ ಸಂದರ್ಶನ ಮಾಡುವುದನ್ನು ನಾನು ಬಿಟ್ಟಿದ್ದೇನೆ. ರೊಟ್ಟಿ ಬಡಿಯುವಾಗ, ಮೊರದಲ್ಲಿ ತೊಗರಿ ಹಸನು ಮಾಡುವಾಗ, ಕೌದಿ ಹೊಲಿಯುವಾಗ, ಲಿಂಬೆಹಣ್ಣು ಆರಿಸುವಾಗ ಮಾತು ತಾನೇ ಹೊರಡುತ್ತದೆ. ಇಂಡಿಯ ಲಿಂಬೆಗೆ 2023ರಲ್ಲಿ ಭೌಗೋಳಿಕ ಸೂಚಕ ಸಿಕ್ಕಾಗ ಪತ್ರಿಕೆಗಳಲ್ಲಿ ಹಣ್ಣಿನ ರಾಶಿಯ ಫೋಟೋ ಬಂದವು. ನನಗೆ ಬೇಕಾದದ್ದು ಆ ಹಣ್ಣನ್ನು ಆರಿಸುವ ಹೆಂಗಸರ ಬೆರಳು. ದೊಡ್ಡದು, ನಡುವಿನದು, ಕಲೆ ಬಿದ್ದದ್ದು ಎಂದು ಕಣ್ಣು ನೋಡುವ ಮೊದಲೇ ಬೆರಳು ಗೊತ್ತುಮಾಡಿರುತ್ತದೆ. ಆ ಬೆರಳುಗಳ ಮೇಲೆ ಕ್ಯಾಮೆರಾ ನಿಲ್ಲಿಸಿದರೆ ಮುಖ ತೋರಿಸಲು ಒಲ್ಲದವರೂ ಧೈರ್ಯವಾಗಿ ಮಾತಾಡುತ್ತಾರೆ.

2. ಮೊದಲು ಕಿವಿ, ಆಮೇಲೆ ಕಣ್ಣು

ಹೊಸ ಮನೆಗೆ ಹೋದಾಗ ಮೊದಲ ಕೆಲವು ಭೇಟಿಗಳಲ್ಲಿ ಕ್ಯಾಮೆರಾ ಚೀಲದಿಂದ ತೆಗೆಯುವುದಿಲ್ಲ. ಸಣ್ಣ ರೆಕಾರ್ಡರ್ ಮಾತ್ರ ತೆಗೆಯುತ್ತೇನೆ, ಅದನ್ನೂ ಎಲ್ಲರಿಗೂ ಕಾಣುವಂತೆ ಇಟ್ಟು, ಕೇಳಿಸಿ ತೋರಿಸಿ. ಹಿಟ್ಟಿನ ಗಿರಣಿಯ ಸದ್ದು, ನಳದ ನೀರು ಬಂದಾಗ ಕೊಡಗಳ ಗದ್ದಲ, ನಸುಕಿನ ಭಜನೆ, ಮಸೀದಿಯ ಬಾಂಗು, ವಸ್ತಿ ಬಸ್ಸಿನ ಎಂಜಿನ್ನು: ಊರಿಗೊಂದು ದಿನಚರಿ ಇದೆ, ಅದು ಕಿವಿಗೆ ಮೊದಲು ಸಿಗುತ್ತದೆ. ಪಂಪ್‌ಸೆಟ್ಟಿಗೆ ಥ್ರೀ ಫೇಸ್ ಕರೆಂಟು ಎಷ್ಟೋ ಸಲ ರಾತ್ರಿ ಪಾಳಿಯಲ್ಲಿ ಬರುತ್ತದೆ. ನೀರು ಹಾಯಿಸಲು ಹೊಲಕ್ಕೆ ಹೋದ ರೈತನ ಆ ರಾತ್ರಿ ಕ್ಯಾಮೆರಾಗೆ ಬರೀ ಕತ್ತಲು. ಶಬ್ದದಲ್ಲಿ ಅದು ತುಂಬಿ ತುಳುಕುತ್ತದೆ: ಸ್ಟಾರ್ಟರ್ ಬಿದ್ದ ಸದ್ದು, ಪೈಪಿನೊಳಗೆ ನೀರು ಏರುವ ಸದ್ದು, ಮಡಿಯ ಬಾಯಿ ಕಟ್ಟುವ ಸಲಿಕೆ, ಹಾವಿನ ಭಯಕ್ಕೆ ನೆಲ ಬಡಿಯುವ ಬಡಿಗೆ, ನಿದ್ದೆ ತಡೆಯಲು ಗುನುಗುವ ಹಾಡು. ಅಂಥ ಕಡೆ ಪರದೆಯನ್ನು ಕಪ್ಪಾಗಿಯೇ ಬಿಡಬೇಕು. ಪ್ರೇಕ್ಷಕರು ಕೂತು ಕೇಳುತ್ತಾರೆ.

ಬಯಲು ಸೀಮೆಯ ಗಾಳಿಗೆ ಮೈಕಿನ ಮೇಲೆ ತುಪ್ಪಳದ ಹೊದಿಕೆ ಇಲ್ಲದಿದ್ದರೆ ಏನೂ ಉಳಿಯದು. ಕ್ಯಾಮೆರಾಗಿಂತ ಮೊದಲು ಒಳ್ಳೆಯ ಮೈಕಿಗೆ ದುಡ್ಡು ಹಾಕಿ.

ಶಬ್ದದ ಕೆಲಸಕ್ಕೆ ನನ್ನ ಜೊತೆ ಬರುವವಳು ಹೆಣ್ಣುಮಗಳು. ಗಂಡಸಾದ ನಾನು ಅಡಗಿಮನಿಯ ಹೊಸ್ತಿಲು ದಾಟುವುದಿಲ್ಲ. ಅವಳು ಒಳಗೆ ಕೂಡುತ್ತಾಳೆ. ನನ್ನ ಚಿತ್ರಗಳಲ್ಲಿ ಅಡಗಿಮನಿ ಹೊಸ್ತಿಲಿನ ಆಚೆಯಿಂದ ಕಾಣುತ್ತದೆ, ಆದರೆ ಕಿವಿಯ ಹತ್ತಿರ ಕೇಳುತ್ತದೆ. ಆ ಅಂತರ ನನ್ನ ಶೈಲಿಯೇ ಆಯಿತು.

3. ಕೂತವರ ಎತ್ತರ, ಬೆಳಕಿಂಡಿಯ ಬೆಳಕು

ಇಲ್ಲಿಯ ಹಳೆಯ ಮಾಳಿಗೆ ಮನೆಗಳಲ್ಲಿ ಜನ ಕಂಬಳಿಯ ಮೇಲೋ ಜಮಖಾನದ ಮೇಲೋ ನೆಲಕ್ಕೆ ಕೂಡುತ್ತಾರೆ. ನಿಂತವನ ಎತ್ತರದಿಂದ ತೆಗೆದ ಚಿತ್ರದಲ್ಲಿ ಎಲ್ಲರೂ ತಲೆ ಎತ್ತಿ ಮಾತಾಡುತ್ತಾರೆ. ಅದು ಸಾಹೇಬರ ಮುಂದೆ ನಿಂತು ಅರ್ಜಿ ಕೊಟ್ಟ ಹಾಗಾಗುತ್ತದೆ. ನೆಲಕ್ಕೆ ಕೂತು, ಕ್ಯಾಮೆರಾವನ್ನು ಎರಡು ಅಡಿ ಎತ್ತರದಲ್ಲಿಟ್ಟು, ದೂರದಿಂದ ಎಳೆದುಕೊಳ್ಳುವ ಜೂಮ್ ಬಿಟ್ಟು ಒಂದೇ ಲೆನ್ಸಿನಲ್ಲಿ ಕೆಲಸ ಮಾಡಿ. ಮುಖ ಹತ್ತಿರ ಬೇಕೆಂದರೆ ನೀವು ಹತ್ತಿರ ಸರಿಯಬೇಕು. ಸರಿಯಲು ಅವರು ಬಿಡುತ್ತಾರೋ ಇಲ್ಲವೋ ಎಂಬುದು ಆಗ ತಾನೇ ಗೊತ್ತಾಗುತ್ತದೆ.

ಮಾಳಿಗೆಯ ಬೆಳಕಿಂಡಿಯಿಂದ ಬೀಳುವ ಬಿಸಿಲಿನ ಕೋಲು ಬೆಳಗಿನಿಂದ ಸಂಜೆಯವರೆಗೆ ಪಡಸಾಲಿಯ ಉದ್ದಕ್ಕೂ ಜರುಗುತ್ತದೆ. ಅದರ ಜೊತೆ ಮನೆಯ ಕೆಲಸಗಳೂ ಜರುಗುತ್ತವೆ. ಕಾಳು ಆರಿಸುವವರು ಬೆಳಕಿನ ಹತ್ತಿರ ಹೋಗುತ್ತಾರೆ, ಮಲಗುವವರು ಅದನ್ನು ಬಿಟ್ಟು ಸರಿಯುತ್ತಾರೆ. ಲೈಟು ಒಯ್ಯಬೇಡಿ. ಮುಖದ ಅರ್ಧ ಕತ್ತಲಲ್ಲಿ ಉಳಿದರೆ ಉಳಿಯಲಿ. ಹೊರಗೆ ಮಾತ್ರ ಎಚ್ಚರ ಬೇಕು: ಎರೆ ಹೊಲದ ಕಪ್ಪು, ಬಿಳಿ ಧೋತರ, ಬಿಳಿ ಟೊಪಗಿ, ಮೇಲೆ ಮಧ್ಯಾಹ್ನದ ಉರಿ. ಇಷ್ಟನ್ನೂ ಒಂದೇ ಚೌಕಟ್ಟಿನಲ್ಲಿ ಹಿಡಿಯಲು ಅಗ್ಗದ ಕ್ಯಾಮೆರಾಗೆ ಆಗದು. ಮಟಮಟ ಮಧ್ಯಾಹ್ನ ಕ್ಯಾಮೆರಾ ಮುಚ್ಚಿಟ್ಟು ಅವರ ಜೊತೆ ಬೇವಿನ ಗಿಡದ ನೆರಳಿಗೆ ಕೂಡುವುದೇ ಸರಿ.

4. ಬಿರಿದ ನೆಲ ಬರದ ಸಾಕ್ಷಿಯಲ್ಲ

ಎರೆ ಮಣ್ಣು ಜೇಡಿಯ ಮಣ್ಣು. ಒದ್ದೆಯಾದರೆ ಉಬ್ಬುತ್ತದೆ, ಒಣಗಿದರೆ ಕುಗ್ಗಿ ಬಿರಿಯುತ್ತದೆ. ಒಳ್ಳೆಯ ಬೆಳೆ ಬಂದ ವರ್ಷದ ಬೇಸಿಗೆಯಲ್ಲೂ ಈ ಸೀಮೆಯ ಹೊಲ ಬಿರಿಯುತ್ತದೆ. ಆ ಬಿರುಕಿನಲ್ಲಿ ಮೇಲಿನ ಮಣ್ಣು ಕೆಳಗೆ ಬಿದ್ದು ಹೊಲ ತಾನೇ ತಿರುವಿ ಹಾಕಿಕೊಳ್ಳುತ್ತದೆ. ಟಿವಿಯವರು ಅದನ್ನೇ ತೋರಿಸಿ ಬರ ಅನ್ನುತ್ತಾರೆ. ಬರ ಇದ್ದದ್ದು ನಿಜವಾದರೆ ಅದು ಮನೆಯೊಳಗೆ ಕಾಣುತ್ತದೆ: ಎತ್ತು ಮಾರಿದ ಮೇಲೆ ಖಾಲಿ ಉಳಿದ ಗ್ವಾದಲಿಯಲ್ಲಿ, ರೇಶನ್ ಅಕ್ಕಿಯ ಅನ್ನಕ್ಕೆ ಹೊಂದಿಕೊಳ್ಳದ ಮುದುಕರ ತಟ್ಟೆಯಲ್ಲಿ. ಇದೇ ಸಿಂದಗಿ, ಇಂಡಿ ಭಾಗಕ್ಕೆ 2020ರ ಅಕ್ಟೋಬರಿನಲ್ಲಿ ಭೀಮಾ ಹೊಳೆ ನುಗ್ಗಿ ಬಂದಿತ್ತು. ಬರದ ಸೀಮೆ ಎಂಬ ಒಂದೇ ಚಿತ್ರ ಇಟ್ಟುಕೊಂಡು ಬಂದವರಿಗೆ ಆ ವರ್ಷ ಏನು ತೆಗೆಯಬೇಕೆಂದು ತಿಳಿಯಲಿಲ್ಲ.

5. ಒಪ್ಪಿಗೆ ಒಂದು ದಿನದ ಮಾತಲ್ಲ

ಮನೆಯ ಯಜಮಾನ “ಆತ್ರಿ, ತಗೀರಿ” ಅಂದರೆ ಅದು ಅವನ ಒಪ್ಪಿಗೆ. ಸೊಸೆಯದಲ್ಲ. ಎಲ್ಲರ ಮುಂದೆ ಕೇಳಿದರೆ ಸೊಸೆ ಬೇಡ ಅನ್ನಲಾರಳು, ಬೇಕು ಅನ್ನಲೂ ಆರಳು. ಅವಳನ್ನು ಬೇರೆಯಾಗಿ, ಹೆಣ್ಣುಮಗಳೇ ಕೇಳಬೇಕು. ತೆಗೆಯುವ ಮೊದಲು ಒಮ್ಮೆ, ತೆಗೆದದ್ದನ್ನು ತೋರಿಸಿ ಒಮ್ಮೆ, ಚಿತ್ರ ಹೊರಗೆ ಹೋಗುವ ಮೊದಲು ಇನ್ನೊಮ್ಮೆ. ಮೂರನೆಯ ಸಲ ಬೇಡ ಅಂದರೆ ತೆಗೆದುಹಾಕಬೇಕು, ಅದು ಚಿತ್ರದ ಅತ್ಯುತ್ತಮ ದೃಶ್ಯವಾಗಿದ್ದರೂ. ಜಾತಿಯ ಮಾತು, ಜಮೀನಿನ ವ್ಯಾಜ್ಯ, ಮದುವೆ ಮುರಿದ ಕಥೆ ಹೇಳಿದವರು ಚಿತ್ರ ಬಂದ ಮೇಲೂ ಅದೇ ಓಣಿಯಲ್ಲಿ ಬಾಳಬೇಕು. ನಾವು ಬಸ್ಸು ಹತ್ತಿ ಹೋಗುತ್ತೇವೆ.

ಇದಕ್ಕೆ ನಾನು ಮಾದರಿಯಾಗಿ ಇಟ್ಟುಕೊಂಡದ್ದು ಯುಗಾಂತರ್ ಬಳಗದ ಕೆಲಸ. ದೀಪಾ ಧನರಾಜ್, ಆಭಾ ಭೈಯಾ, ಮೀರಾ ರಾವ್, ನವರೋಜ್ ಕಾಂಟ್ರಾಕ್ಟರ್ ಸೇರಿ 1980ರಲ್ಲಿ ಕಟ್ಟಿದ ಬಳಗ ಅದು. ನಮ್ಮದೇ ಗಡಿಯ ನಿಪ್ಪಾಣಿಯ ತಂಬಾಕು ಕಾರ್ಖಾನೆಗಳ ಹೆಣ್ಣುಮಕ್ಕಳ ಸಂಘಟನೆಯ ಮೇಲೆ 1982ರಲ್ಲಿ ‘ತಂಬಾಕು ಚಾಕಿಲಾ ಊಬ್ ಆಲಿ’ ಎಂಬ ಮರಾಠಿ ಚಿತ್ರ ಮಾಡಿದರು. ಚಿತ್ರದಲ್ಲಿ ಏನಿರಬೇಕೆಂಬುದನ್ನು ಕೆಲಸಗಾರ್ತಿಯರ ಜೊತೆ ಕೂತೇ ಗೊತ್ತುಮಾಡಿಕೊಂಡರು. ಆ ಹೆಣ್ಣುಮಕ್ಕಳು ಕ್ಯಾಮೆರಾದ ಮುಂದೆ ಅಳುಕದೆ ನಿಂತ ರೀತಿ ನೋಡಿದರೆ ಒಪ್ಪಿಗೆ ಅಂದರೇನು ಎಂದು ಯಾರೂ ವಿವರಿಸಬೇಕಾಗಿಲ್ಲ. ಕರ್ನಾಟಕದಲ್ಲಿ ಸಾಕ್ಷ್ಯಚಿತ್ರ ಕಲಿಸುವ ಕಡೆ ಎಲ್ಲೆಲ್ಲೂ ಅದನ್ನು ಮೊದಲ ವಾರವೇ ತೋರಿಸಬೇಕು.

6. ಊರಲ್ಲಿ ಇಲ್ಲದವರನ್ನೂ ತೆಗೆಯಬೇಕು

ಹಿಂಗಾರಿ ಜೋಳದ ರಾಶಿ ಮುಗಿದ ಮೇಲೆ ಎಷ್ಟೋ ಓಣಿಗಳಲ್ಲಿ ಮುದುಕರೂ ಮಕ್ಕಳೂ ಉಳಿಯುತ್ತಾರೆ. ದುಡಿಯುವ ವಯಸ್ಸಿನವರು ಗೋವಾ, ಪುಣೆ, ಮುಂಬೈ, ಬೆಂಗಳೂರು ಸೇರುತ್ತಾರೆ. ಲಂಬಾಣಿ ತಾಂಡಾಗಳಿಂದ ಕಬ್ಬು ಕಡಿಯಲು ಹೋಗುತ್ತಾರೆ. ಖಾಲಿ ಮನೆಯ ಬೀಗ ತೋರಿಸಿ ಗುಳೆ ಅಂದರೆ ಅದು ಸುದ್ದಿ. ನಾನು ಆ ಬೀಗದ ಒಳಗಿನ, ಹೊರಗಿನ ಮಾತುಕತೆ ಹಿಡಿಯಬೇಕು. ಅದು ಈಗ ನಡೆಯುವುದು ಫೋನಿನಲ್ಲಿ. ಮಗ ಗೋವಾದ ಕಟ್ಟಡದ ಹತ್ತನೇ ಮಾಳಿಗೆಯಿಂದ ವಿಡಿಯೋ ಕಾಲ್ ಮಾಡುತ್ತಾನೆ. ತಾಯಿ ಫೋನನ್ನು ಕಿವಿಗೆ ಹಿಡಿಯುತ್ತಾಳೆ, ಅವನಿಗೆ ಅವಳ ಕಿವಿಯ ಬೆಂಡೋಲೆ ಮಾತ್ರ ಕಾಣುತ್ತದೆ. “ಯವ್ವಾ, ಮಾರಿ ತೋರ್ಸ ಬೇ” ಅನ್ನುತ್ತಾನೆ. ಅವನು ಅಲ್ಲಿ ತೆಗೆದ, ಅಲುಗಾಡುವ, ಮಸುಕಾದ ವಿಡಿಯೋಗಳನ್ನು ಬೇಡಿ ಪಡೆದು ನನ್ನ ಚಿತ್ರಗಳಲ್ಲಿ ಹಾಗೆಯೇ ಹಾಕುತ್ತೇನೆ, ಬಣ್ಣ ಸಹ ತಿದ್ದುವುದಿಲ್ಲ. ಅವನ ಹೆಸರು ಛಾಯಾಗ್ರಾಹಕರ ಪಟ್ಟಿಯಲ್ಲಿ ಬರುತ್ತದೆ.

ಬೆಂಗಳೂರಿನ ಏಕ್ತಾ ಮಿತ್ತಲ್ ಅವರ ‘ಬಿರ್ಹಾ’ (2018) ದುಡಿಯಲು ಹೋದವರ ಅಗಲಿಕೆಯ ಬಗ್ಗೆಯೇ ಇದೆ. ಶಾಂತಲ್ ಅಕರ್‌ಮನ್ ‘ನ್ಯೂಸ್ ಫ್ರಮ್ ಹೋಮ್’ ಚಿತ್ರದಲ್ಲಿ ನ್ಯೂಯಾರ್ಕಿನ ಬೀದಿಗಳನ್ನು ತೋರಿಸುತ್ತ ತಾಯಿ ಬರೆದ ಪತ್ರಗಳನ್ನು ಓದುತ್ತಾರೆ. ಎರಡನ್ನೂ ನೋಡಿ. ಆಮೇಲೆ ನಿಮ್ಮ ಊರಿನ ಯಾವುದೇ ಮನೆಯ ಫೋನಿನಲ್ಲಿ ಉಳಿದಿರುವ ವಾಯ್ಸ್ ಮೆಸೇಜುಗಳನ್ನು, ಅವರು ಒಪ್ಪಿದರೆ, ಕೂತು ಕೇಳಿ.

7. ಕಟ್ಟು ಇಲ್ಲಿಯದೇ ಇದೆ

ಸಂಕಲನದ ಕೋಣೆಯಲ್ಲಿ ನನಗೆ ಅತಿ ಹೆಚ್ಚು ಕೆಲಸಕ್ಕೆ ಬಂದದ್ದು ತ್ರಿಪದಿ. ಬಾದಾಮಿಯ ಕಪ್ಪೆ ಅರಭಟ್ಟನ ಶಾಸನದಲ್ಲೇ ಇರುವ ಹಳೆಯ ಛಂದಸ್ಸು ಅದು. ಅಚ್ಚಿನಲ್ಲಿ ಮೂರು ಸಾಲು. ಬೀಸುವಾಗ ಹಾಡಿದರೆ ಎರಡನೆಯ ಸಾಲು ಮರಳಿ ಬಂದು ನಾಲ್ಕಾಗುತ್ತದೆ. ಹಾಡುವವಳಿಗೆ ಉಸಿರು ಸಿಗುತ್ತದೆ, ಕೇಳುವವರು ಮುಂದಿನದಕ್ಕೆ ಕಾಯುತ್ತಾರೆ, ಕೊನೆಯ ಗಿಡ್ಡ ಸಾಲು ಬಂದು ಎಲ್ಲವನ್ನೂ ತಿರುಗಿಸಿಬಿಡುತ್ತದೆ.

ಇದನ್ನೇ ದೃಶ್ಯದಲ್ಲಿ ಮಾಡಿ ನೋಡಿದೆ. ಒಬ್ಬ ತಾಯಿ ರೊಟ್ಟಿ ಬಡಿಯುತ್ತಿದ್ದಾಳೆ, ಬಡಿಯುವ ಸದ್ದಿನ ಜೊತೆ. ಆಮೇಲೆ ಅದೇ ದೃಶ್ಯ ಮತ್ತೆ ಬರುತ್ತದೆ. ಈ ಸಲ ಬಡಿಯುವ ಸದ್ದು ಇಲ್ಲ, ಮಗನ ಫೋನಿನ ದನಿ ಇದೆ. ಕೊನೆಗೆ ಚಿಕ್ಕದೊಂದು ದೃಶ್ಯ: ಬುಟ್ಟಿಯಲ್ಲಿ ಅರಿವೆ ಮುಚ್ಚಿದ ರೊಟ್ಟಿ, ಮನೆಯಲ್ಲಿ ಉಳಿದ ಇಬ್ಬರಿಗೆ ಬೇಕಾದದ್ದಕ್ಕಿಂತ ಬಹಳ ಹೆಚ್ಚು. ಯಾರೂ ಏನೂ ವಿವರಿಸಲಿಲ್ಲ. ನಗರದ ಸಂಕಲನಕಾರರೊಬ್ಬರು ಎರಡನೆಯ ಸಲ ಬಂದ ದೃಶ್ಯ ತೆಗೆಯಿರಿ, ಎಳೆದಂತೆ ಆಗುತ್ತದೆ ಅಂದರು. ಸಿಂದಗಿ ಕಡೆಯ ಒಬ್ಬ ಆಯಿ ಅದನ್ನು ನೋಡಿ, ಎರಡನೆಯ ಸಲ ಬಂದಾಗ ತಲೆ ಅಲ್ಲಾಡಿಸಿದಳು, ಹಾಡು ಕೇಳುವಾಗ ಅಲ್ಲಾಡಿಸುವಂತೆಯೇ. ನಾನು ಆ ದೃಶ್ಯ ಉಳಿಸಿಕೊಂಡೆ.

ಇನ್ನೊಂದು ಕಟ್ಟು ಗೀಗೀ ಮೇಳದ ಹರದೇಶಿ–ನಾಗೇಶಿ. ಒಂದು ಮೇಳ ಗಂಡು ಹೆಚ್ಚೆಂದು ಹಾಡಿದರೆ ಇನ್ನೊಂದು ಹೆಣ್ಣು ಹೆಚ್ಚೆಂದು ಉತ್ತರ ಕೊಡುತ್ತದೆ. ಸವಾಲು ಜವಾಬಿನಲ್ಲಿ ರಾತ್ರಿ ಕಳೆಯುತ್ತದೆ. ಆಲಮಟ್ಟಿ ಅಣೆಕಟ್ಟಿನ ಹಿನ್ನೀರಿಗೆ ಮನೆ ಬಿಟ್ಟುಬಂದ ಗಂಡ ಹೆಂಡತಿ ಒಂದೇ ವರ್ಷದ ಕಥೆಯನ್ನು ಬೇರೆ ಬೇರೆಯಾಗಿ ಹೇಳುತ್ತಿದ್ದರು. ಅವನಿಗೆ ಪರಿಹಾರದ ಲೆಕ್ಕ, ಕಚೇರಿಯ ಸುತ್ತಾಟ ನೆನಪು. ಅವಳಿಗೆ ತುಳಸಿಕಟ್ಟೆ, ಬಾವಿ, ಓಣಿಯ ಗೆಳತಿಯರು ಚದುರಿಹೋದದ್ದು ನೆನಪು. ಯಾರದು ಸರಿ ಎಂದು ತೀರ್ಪು ಕೊಡುವ ನಿರೂಪಕನ ಬದಲು ಇಬ್ಬರನ್ನೂ ಎರಡು ಮೇಳಗಳಾಗಿ ಎದುರುಬದುರು ನಿಲ್ಲಿಸಿದೆ. ಸಾಕ್ಷ್ಯಚಿತ್ರದಲ್ಲಿ ಸತ್ಯ ಒಂದೇ ಬಾಯಿಯಿಂದ ಬರಬೇಕೆಂಬ ಹಠ ಅಲ್ಲಿಗೆ ನನ್ನಿಂದ ಬಿಟ್ಟುಹೋಯಿತು.

8. ದುಡ್ಡಿನ ಮಾತು

ಮಾತಾಡಿದ್ದಕ್ಕೆ ದುಡ್ಡು ಕೊಡಬೇಡಿ. ನಿಮ್ಮಿಂದಾಗಿ ಅವರ ಕೂಲಿಯ ದಿನ ಹೋದರೆ ಆ ದಿನದ ಪಗಾರ ಎಲ್ಲರಿಗೂ ತಿಳಿಯುವಂತೆ ಕೊಡಿ. ಇನ್ನು ಚಿತ್ರದ ಖರ್ಚಿನ ಮಾತು: ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್ ಕಲಾವಿದರಿಗೆ ಅನುದಾನ ಕೊಡುತ್ತ ಬಂದಿದೆ. ಕನ್ನಡದಲ್ಲಿಯೂ ಅರ್ಜಿ ಬರೆಯಬಹುದು. ಆದರೆ ಅನುದಾನ ಬಂದ ಮೇಲೆ ಕೆಲಸ ಶುರು ಮಾಡುತ್ತೇನೆ ಅನ್ನುವವರು ಬಹುತೇಕ ಶುರು ಮಾಡುವುದಿಲ್ಲ.

9. ಮೊದಲ ಪ್ರದರ್ಶನ ಊರಲ್ಲಿ

1961ರಲ್ಲಿ ಬಂದ ‘ಕ್ರಾನಿಕಲ್ ಆಫ್ ಎ ಸಮ್ಮರ್’ ಚಿತ್ರದಲ್ಲಿ ಜಾನ್ ರೂಶ್, ಎಡ್ಗರ್ ಮೊರಾನ್ ತಾವು ತೆಗೆದದ್ದನ್ನು ಅದರಲ್ಲಿದ್ದವರಿಗೇ ತೋರಿಸಿ, ಅವರು ಬೈದದ್ದನ್ನೂ ಹೊಗಳಿದ್ದನ್ನೂ ಚಿತ್ರದೊಳಗೆ ಸೇರಿಸಿದರು. ನನ್ನ ಕ್ರಮವೂ ಅದೇ. ಅಗಸಿಯ ಹತ್ತಿರದ ಸುಣ್ಣದ ಗೋಡೆ, ಬಾಡಿಗೆ ಪ್ರೊಜೆಕ್ಟರ್, ಭಜನಾ ಮಂಡಳಿಯ ಸ್ಪೀಕರ್ ಸಾಕು. ಜನ ಸುಮ್ಮನೆ ಕೂತು ನೋಡುವುದಿಲ್ಲ, ಪರದೆಯ ಜೊತೆ ಮಾತಾಡುತ್ತಾರೆ. ಆ ಮಾತನ್ನು ರೆಕಾರ್ಡ್ ಮಾಡಿ. ಮುಂದಿನ ಸಂಕಲನಕ್ಕೆ ಅದಕ್ಕಿಂತ ಒಳ್ಳೆಯ ಟಿಪ್ಪಣಿ ಸಿಗದು.

ಹಳ್ಳಿಯವರಿಗೆ ನಿಧಾನದ ಚಿತ್ರ ಹಿಡಿಸದು ಎಂಬ ಮಾತು ಸುಳ್ಳು. ಜಾತ್ರೆಯ ನಾಟಕಕ್ಕೆ, ಶ್ರೀಕೃಷ್ಣ ಪಾರಿಜಾತಕ್ಕೆ ಬೆಳತನಕ ಕೂಡುವ ಜನ ಇವರು. ನಿಧಾನ ಅವರಿಗೆ ಸಮಸ್ಯೆಯಲ್ಲ. ತಮ್ಮ ಬದುಕಿನ ವಿವರ ತಪ್ಪಾಗಿ ಬಂದರೆ ಮಾತ್ರ ಬಿಡುವುದಿಲ್ಲ.

10. ಮದುವೆಯ ಕ್ಯಾಸೆಟ್ಟುಗಳು

ಆಲಮಟ್ಟಿ ಅಣೆಕಟ್ಟಿಗೆ 1964ರಲ್ಲಿ ಲಾಲ್ ಬಹಾದ್ದೂರ್ ಶಾಸ್ತ್ರಿಯವರು ಅಡಿಗಲ್ಲು ಹಾಕಿದರು. ಮುಂದೆ ನೀರು ನಿಲ್ಲತೊಡಗಿದಂತೆ ಕೃಷ್ಣೆಯ ದಂಡೆಯ ಊರುಗಳು ಒಂದೊಂದಾಗಿ ಎದ್ದು ಪುನರ್ವಸತಿ ಕೇಂದ್ರಗಳಿಗೆ ಬಂದವು. ಮುಳುಗಿದ ಊರುಗಳ ಚಲನಚಿತ್ರ ಎಲ್ಲಿಯಾದರೂ ಇದೆಯೇ ಎಂದು ಹುಡುಕುವಾಗ ನನಗೆ ಸಿಕ್ಕದ್ದು ಮದುವೆಯ ವಿಎಚ್ಎಸ್ ಕ್ಯಾಸೆಟ್ಟುಗಳು. ಮದುಮಗನ ಮೆರವಣಿಗೆಯ ಹಿಂದೆ ಹಳೆಯ ಊರಿನ ಇಡೀ ಓಣಿ ಇದೆ: ಅಗಸಿ, ಹನುಮಂತ ದೇವರ ಗುಡಿ, ಕಟ್ಟೆಯ ಮೇಲೆ ಕೂತವರು, ಈಗ ಇಲ್ಲದವರು. ತೆಗೆದವನಿಗೆ ಅದು ಬೇಕಿರಲಿಲ್ಲ, ಅಡ್ಡ ಬಂದದ್ದಕ್ಕೆ ಸಿಕ್ಕಿದೆ. ಬೆಂಗಳೂರಿನ ಆಯಿಶಾ ಅಬ್ರಹಾಂ ‘ಸ್ಟ್ರೈಟ್ 8’ (2005) ಚಿತ್ರದಲ್ಲಿ ಟಾಮ್ ಡಿ’ಅಗಿಯಾರ್ ಎಂಬ ಹವ್ಯಾಸಿ ತೆಗೆದಿಟ್ಟಿದ್ದ 8 ಎಂಎಂ ರೀಲುಗಳಿಂದ ಒಂದು ಕಾಲವನ್ನೇ ಎತ್ತಿ ಹಿಡಿದಿದ್ದಾರೆ. ನಮ್ಮ ಸೀಮೆಯ ಅಂಥ ರೀಲುಗಳು ಟ್ರಂಕಿನಲ್ಲಿ, ಮಾಡಿನಲ್ಲಿ ಬಿದ್ದಿವೆ.

ಟೇಪಿನ ಮೇಲೆ ಬಿಳಿಯ ಬೂಷ್ಟು ಕಂಡರೆ ಪ್ಲೇಯರಿಗೆ ಹಾಕಬೇಡಿ, ಮೊದಲು ತಿಳಿದವರಿಂದ ಸ್ವಚ್ಛ ಮಾಡಿಸಿ. ಚೆನ್ನಾಗಿದ್ದರೆ ಒಂದು ನಡೆಯುವ ವಿಸಿಆರ್, ಕಂಪ್ಯೂಟರಿಗೆ ಜೋಡಿಸುವ ಸಣ್ಣ ಕ್ಯಾಪ್ಚರ್ ಸಾಧನ ಇದ್ದರೆ ಮನೆಯಲ್ಲೇ ಪ್ರತಿ ಮಾಡಬಹುದು. ಎರಡು ಪ್ರತಿ ಮಾಡಿ, ಒಂದು ಆ ಮನೆಯವರ ಕೈಗೇ ಕೊಡಿ. ಈಗ 519.60 ಮೀಟರಿನವರೆಗೆ ನೀರು ನಿಲ್ಲುವ ಅಣೆಕಟ್ಟಿಗೆ 2010ರಲ್ಲಿ ಕೃಷ್ಣಾ ಜಲವಿವಾದ ನ್ಯಾಯಮಂಡಳಿ 524.256 ಮೀಟರಿನವರೆಗೆ ಏರಿಸಲು ಒಪ್ಪಿಗೆ ಕೊಟ್ಟಿದೆ. ಎತ್ತರ ಏರಿದರೆ ಇನ್ನಷ್ಟು ಊರುಗಳು ಹೋಗುತ್ತವೆ. ಆ ಊರಿನ ಹುಡುಗರು ಯಾರ ಅನುದಾನಕ್ಕೂ ಕಾಯದೆ ತಮ್ಮ ತಮ್ಮ ಓಣಿಗಳನ್ನು ಈಗಿನಿಂದಲೇ ಫೋನಿನಲ್ಲಿ ತೆಗೆದಿಡಬೇಕು. ನಿಮ್ಮ ಮನೆಯಲ್ಲಿ ಹಳೆಯ ಮದುವೆಯ ಕ್ಯಾಸೆಟ್ ಇದ್ದರೆ ಗುಜರಿಗೆ ಹಾಕಬೇಡಿ. ಅದನ್ನು ಓಡಿಸುವ ಯಂತ್ರಗಳ ತಯಾರಿಕೆ 2016ರಲ್ಲೇ ನಿಂತುಹೋಗಿದೆ.